ಬನದ ಬದಿಯ ಸರ್ಪಗಂಧ: ಗುರುತು, ನೆಲೆ, ಬೀಜದಿಂದ ಎಬ್ಬಿಸುವ ಕ್ರಮ

ಮಂಗಳೂರು, ಉಡುಪಿ ಕಡೆ ಯಾರಾದರೂ "ಸರ್ಪಗಂಧ ನಮ್ಮಲ್ಲಿ ಬೇಕಾದಷ್ಟಿದೆ" ಎಂದರೆ ಮೊದಲು ಮಾಡಬೇಕಾದ್ದು ಗೆಣ್ಣಿನ ಸುತ್ತ ಎಲೆ ಎಣಿಸುವುದು. ಮಾರ್ಗದ ಬದಿಯಲ್ಲಿ, ಪಾಳುಬಿದ್ದ ಸೈಟಿನಲ್ಲಿ, ಸುಡುಬಿಸಿಲಲ್ಲಿ ಸೊಂಟದಿಂದ ಎದೆಮಟ್ಟಕ್ಕೆ ಕವಲೊಡೆದು ನಿಂತು, ಒಂದೊಂದು ಗೆಣ್ಣಿಗೂ ನಾಲ್ಕು ಎಲೆ ಬಿಟ್ಟು, ಆ ನಾಲ್ಕರಲ್ಲಿ ಎರಡು ದೊಡ್ಡವು ಎರಡು ಚಿಕ್ಕವು ಇದ್ದರೆ ಅದು ಸರ್ಪಗಂಧ ಅಲ್ಲ. ಅದು ದೊಡ್ಡಚಂದ್ರಿಕೆ, ರಾವೋಲ್ಫಿಯಾ ಟೆಟ್ರಾಫಿಲ್ಲಾ. ಅಮೆರಿಕ ಖಂಡದ ಉಷ್ಣವಲಯದಿಂದ ಬಂದು ಇಲ್ಲಿ ಕಳೆಯ ಹಾಗೆ ಹಬ್ಬಿದ ಗಿಡ. ಸರ್ಪಗಂಧದ ದಾಯಾದಿಯೇ ಹೌದು, ಆದರೆ ಸರ್ಪಗಂಧ ಅಲ್ಲ. ಇದನ್ನು ಅದೆಂದು ತಿಳಿದುಕೊಂಡ ಕಾರಣಕ್ಕೇ ನಿಜವಾದ ಗಿಡ ನಮ್ಮ ಗುಡ್ಡೆಗಳಿಂದ ಖಾಲಿಯಾಗುತ್ತಿರುವುದು ಎಷ್ಟೋ ಜನರ ಗಮನಕ್ಕೆ ಬಂದೇ ಇಲ್ಲ.

ನಿಜವಾದ ಸರ್ಪಗಂಧ, ರಾವೋಲ್ಫಿಯಾ ಸರ್ಪೆಂಟಿನಾ, ಬೇರಿನ ಮದ್ದಿಗೆ ಹೆಸರಾದ ಬಹಳ ಸಣ್ಣ ಪೊದೆ. ಒಂದು ಅಡಿಯಿಂದ ಒಂದೂವರೆ ಅಡಿ ಎತ್ತರ. ಒಳ್ಳೆಯ ಮಣ್ಣು, ನೆರಳು ಸಿಕ್ಕಿದರೆ ಎರಡು ಅಡಿ ದಾಟೀತು. ಒಂದೇ ಕಾಂಡ ನೆಟ್ಟಗೆ ಏಳುತ್ತದೆ, ಕವಲು ಕಡಿಮೆ. ಗೆಣ್ಣಿನ ಸುತ್ತ ಮೂರು ಎಲೆ, ಅಪರೂಪಕ್ಕೆ ನಾಲ್ಕು. ನಾಲ್ಕಿದ್ದರೂ ಅಳತೆಯಲ್ಲಿ ಅಷ್ಟೊಂದು ಹೆಚ್ಚುಕಮ್ಮಿ ಇರುವುದಿಲ್ಲ. ಎಲೆ 7ರಿಂದ 18 ಸೆಂ.ಮೀ. ಉದ್ದ, ಎರಡೂ ತುದಿ ಚೂಪು, ತೆಳು, ಮೇಲ್ಮೈ ಹೊಳೆಯುವ ಹಸಿರು, ಕೆಳಗೆ ಮಾಸಲು. ದೊಡ್ಡಚಂದ್ರಿಕೆಯ ಎಳೆಯ ಎಲೆ ಮುಟ್ಟಿದರೆ ಸಣ್ಣ ರೋಮ ಬೆರಳಿಗೆ ತಾಗುತ್ತದೆ, ಎಲೆ ಮುರಿದರೆ ಹಾಲು ಚೆನ್ನಾಗಿ ಒಸರುತ್ತದೆ. ಸರ್ಪಗಂಧದ ಎಲೆ ನುಣುಪು, ಹಾಲು ಕಡಿಮೆ.

ಹೂ ಬಿಟ್ಟಾಗ ಗೊಂದಲಕ್ಕೆ ಜಾಗವೇ ಇಲ್ಲ. ಗೊಂಚಲಿನ ಉದ್ದ ತೊಟ್ಟು ಎಲೆಗಳ ನಡುವಿನಿಂದ ಮೇಲೆದ್ದು ತುದಿಯಲ್ಲಿ ಕೊಡೆಯಂತೆ ಹರಡುತ್ತದೆ. ಒಂದೊಂದು ಹೂವಿನ ಕಿರುತೊಟ್ಟು ಮತ್ತು ಪುಷ್ಪಪಾತ್ರೆ ಕುಂಕುಮದ ಹಾಗೆ ಕೆಂಪು. ಅದರ ಮೇಲೆ ಸುಮಾರು ಒಂದೂವರೆ ಸೆಂ.ಮೀ. ಉದ್ದದ ಸಪುರ ಕೊಳವೆ, ನಡುವಿಗಿಂತ ಸ್ವಲ್ಪ ಮೇಲೆ ಉಬ್ಬು, ತುದಿಯಲ್ಲಿ ಐದು ಬಿಳಿ ಎಸಳು. ಕೊಳವೆಗೆ ನಸುಗುಲಾಬಿ ಛಾಯೆ. ಎಸಳು ಉದುರಿದ ಮೇಲೂ ತೊಟ್ಟಿನ ಕೆಂಪು ಮಾಸುವುದಿಲ್ಲ, ಹಾಗಾಗಿ ದೂರದಿಂದ ನೋಡಿದರೆ ಕೆಂಪು ಹೂವಿನ ಗಿಡವೆಂದೇ ಅನಿಸುತ್ತದೆ. ದೊಡ್ಡಚಂದ್ರಿಕೆಯ ಹೂ ಹಸಿರು ಮಿಶ್ರಿತ ಬಿಳಿ, ಸಾಸಿವೆಗಿಂತ ತುಸು ದೊಡ್ಡದು, ಕೆಂಪಿನ ಸುಳಿವಿಲ್ಲ. ಹಣ್ಣು ನೋಡಿ ಗುರುತಿಸಲು ಹೋಗಬೇಡಿ. ಎರಡರ ಹಣ್ಣೂ ಹಸಿರಿನಿಂದ ಕೆಂಪಾಗಿ ಕೊನೆಗೆ ಕಪ್ಪಾಗುತ್ತದೆ.

ಹೆಸರು ಕೇಳಿ ನಂಬುವುದೂ ಕಷ್ಟ. ಸರ್ಪಗಂಧ, ಸೂತ್ರನಾಭಿ, ಗರುಡಪಾತಾಳ, ಹೀಗೆ ಊರಿಗೊಂದು ಹೆಸರು. ಪಾತಾಳಗರುಡಿ ಎಂದು ಹಲವು ಕಡೆ ಕರೆಯುವುದು ದಾಗಡಿ ಬಳ್ಳಿಯನ್ನು. ಹೆಸರಿನ ಹಿಂದೆ ಹೋಗಿ ಕೆಟ್ಟವರ ಕಥೆ ನಮ್ಮೂರಿಗೆ ಹೊಸತಲ್ಲ. ಆಟಿ (ಜುಲೈ-ಆಗಸ್ಟಿನ ತುಳು ತಿಂಗಳು) ಅಮಾವಾಸ್ಯೆಯ ಕಷಾಯಕ್ಕೆ ಹಾಲೆ ಮರದ ತೊಗಟೆ ಎಂದು ಕತ್ತಲಲ್ಲಿ ವಿಷದ ಕಾಸರ್ಕ ಮರದ ತೊಗಟೆ ಕೆತ್ತಿ ತರುವ ಅಪಾಯದ ಬಗ್ಗೆ ಪ್ರತಿ ವರ್ಷ ಎಚ್ಚರಿಸಬೇಕಾಗುತ್ತದೆ. ಹಾಲೆ, ಕಣಗಿಲೆ, ನಂದಿಬಟ್ಟಲು, ನಿತ್ಯಪುಷ್ಪ ಎಲ್ಲ ಸರ್ಪಗಂಧದ ಕುಟುಂಬದವೇ. ಈ ಮನೆತನದಲ್ಲಿ ಮದ್ದು ಮತ್ತು ವಿಷದ ನಡುವೆ ಅಂತರ ಬಹಳ ತೆಳು.

ಗಿಡದ ಮೇಲ್ಭಾಗ ಇಷ್ಟೇ. ಅದರ ಆಸ್ತಿ ಇರುವುದು ಮಣ್ಣಿನೊಳಗೆ, ಅದಕ್ಕೆ ಬಂದ ಆಪತ್ತೂ ಅಲ್ಲಿಂದಲೇ. ಬೇರು ದಪ್ಪ, ಡೊಂಕು, ಗಟ್ಟಿ. ತಾಯಿಬೇರು ಒಂದು ಅಡಿಗಿಂತ ಆಳಕ್ಕೆ ಇಳಿಯುತ್ತದೆ, ಸಡಿಲ ಮಣ್ಣಿನಲ್ಲಿ ಎರಡು ಅಡಿಯವರೆಗೂ ಹೋದೀತು. ಹೊರಗಿನ ತೊಗಟೆ ಮಾಸಲು ಕಂದು, ಉದ್ದುದ್ದ ಬಿರುಕು, ಬೆಂಡಿನ ಹಾಗೆ ಮೆದು. ವಾಸನೆ ಇಲ್ಲ, ರುಚಿ ಕಡುಕಹಿ. ಬೇರಿನ ತೂಕದಲ್ಲಿ ತೊಗಟೆಯ ಪಾಲು ನೂರಕ್ಕೆ 40ರಿಂದ 60, ಆದರೆ ಮದ್ದಿನ ಗುಣವುಳ್ಳ ಆಲ್ಕಲಾಯ್ಡುಗಳಲ್ಲಿ 90ರಷ್ಟು ಇರುವುದು ಆ ತೊಗಟೆಯಲ್ಲೇ. ಬೇರು ಬೇಕೆಂದರೆ ಗಿಡವನ್ನು ಬುಡಸಮೇತ ಕೀಳಬೇಕು. ಕೇಪಳದ ಹೂ ಕೊಯ್ದ ಹಾಗೆ, ನೆಲ್ಲಿಕಾಯಿ ಉದುರಿಸಿದ ಹಾಗೆ, ಗಿಡ ಉಳಿಸಿಕೊಂಡು ಫಲ ಪಡೆಯುವ ದಾರಿ ಇಲ್ಲಿಲ್ಲ.

ಇದರ ಬೇರು ಆಯುರ್ವೇದಕ್ಕೂ ಯುನಾನಿಗೂ ಹಳೆಯ ಪರಿಚಯ. 1931ರಲ್ಲಿ ದೆಹಲಿಯಲ್ಲಿ ಸಲೀಮುಜ್ಜಮಾನ್ ಸಿದ್ದಿಕಿ ಮತ್ತು ರಫತ್ ಹುಸೇನ್ ಸಿದ್ದಿಕಿ ಬೇರಿನಿಂದ ಅಜ್ಮಲೀನ್ ಎಂಬ ಆಲ್ಕಲಾಯ್ಡು ಬೇರ್ಪಡಿಸಿ, ಅದಕ್ಕೆ ಯುನಾನಿ ವೈದ್ಯ ಹಕೀಂ ಅಜ್ಮಲ್ ಖಾನರ ಹೆಸರಿಟ್ಟರು. 1949ರಲ್ಲಿ ಮುಂಬಯಿಯ ವೈದ್ಯ ರುಸ್ತುಂ ಜಾಲ್ ವಕೀಲ್ ರಕ್ತದೊತ್ತಡದ ರೋಗಿಗಳ ಮೇಲೆ ಇದರ ಪರಿಣಾಮವನ್ನು ಬ್ರಿಟಿಷ್ ಹಾರ್ಟ್ ಜರ್ನಲ್ ಪತ್ರಿಕೆಯಲ್ಲಿ ಬರೆದರು. 1952ರಲ್ಲಿ ಸ್ವಿಟ್ಜರ್ಲೆಂಡಿನಲ್ಲಿ ರಕ್ತದೊತ್ತಡ ಇಳಿಸುವ ರೆಸರ್ಪಿನ್ ಬೇರ್ಪಟ್ಟಿತು. ಅಲ್ಲಿಂದ ಮುಂದೆ ಇಡೀ ಜಗತ್ತಿಗೆ ಈ ಬೇರು ಬೇಕಾಯಿತು, ಮೂಟೆಗಟ್ಟಲೆ ಕಿತ್ತದ್ದು ಭಾರತದ ಕಾಡುಗಳಿಂದ. 1990ರಿಂದ ಅಳಿವಿನಂಚಿನ ಜೀವಿಗಳ ವ್ಯಾಪಾರದ ಸೈಟ್ಸ್ ಒಪ್ಪಂದದ ಎರಡನೇ ಅನುಬಂಧದಲ್ಲಿ ಇದರ ಅಂತರರಾಷ್ಟ್ರೀಯ ವ್ಯಾಪಾರಕ್ಕೆ ನಿಯಂತ್ರಣವಿದೆ. ಕಾಡಿನಿಂದ ಕಿತ್ತ ಬೇರಿನ ರಫ್ತಿಗೆ ನಮ್ಮ ದೇಶದಲ್ಲೂ ನಿಷೇಧವಿದೆ. ಆದರೂ ಊರೊಳಗಿನ ಬೇಡಿಕೆ ನಿಂತಿಲ್ಲ.

ಬೇರು ಕೀಳುವವರಷ್ಟೇ ಕಾರಣ ಎಂದರೆ ಅರ್ಧ ಸತ್ಯ. ನಮ್ಮ ಕರಾವಳಿಯಲ್ಲಿ ಈ ಗಿಡದ ನೆಲೆಯೇ ಕೈತಪ್ಪುತ್ತಿದೆ, ಅದನ್ನು ಸ್ವಲ್ಪ ಬಿಡಿಸಿ ಹೇಳಬೇಕು.

ದಕ್ಷಿಣ ಕನ್ನಡ, ಉಡುಪಿಯ ಯಾವ ಹಳ್ಳಿಯಲ್ಲಿ ನಿಂತು ನೋಡಿದರೂ ನೆಲದ ಕಟ್ಟು ಹೆಚ್ಚುಕಡಿಮೆ ಒಂದೇ. ಮೇಲೆ ಮುರಕಲ್ಲಿನ (ಕೆಂಪುಕಲ್ಲಿನ) ಬೋಳುಗುಡ್ಡೆ, ಮುಳಿಹುಲ್ಲು, ಕುಂಟಾಲ, ನೆಕ್ಕರೆ. ಕೆಳಗೆ ಬೈಲು, ತೋಡು, ಅಡಿಕೆ ತೋಟ, ಗದ್ದೆ. ಇವೆರಡರ ನಡುವಿನ ಇಳಿಜಾರಿನಲ್ಲಿ ಮರಗಳು ದಟ್ಟವಾಗಿ, ತರಗೆಲೆ ಹಾಸಿಕೊಂಡು ಇರುವ ಪಟ್ಟಿಯೊಂದಿದೆ. ಕಾಗದಪತ್ರದಲ್ಲಿ ಅದು ಬಹಳ ಕಡೆ ಕುಮ್ಕಿ, ಕಾನ, ಬಾಣೆ, ಅಂದರೆ ರೈತರ ಜಮೀನಿಗೆ ತಾಗಿದ ಸರ್ಕಾರಿ ಜಾಗ. ಸರ್ಪಗಂಧದ ಮನೆ ಈ ನಡುವಿನ ಪಟ್ಟಿ. ಬೋಳುಗುಡ್ಡೆಯಲ್ಲಿ ಮಣ್ಣು ನಾಲ್ಕು ಬೆರಳೂ ಇರುವುದಿಲ್ಲ, ಮಾರ್ಚಿಗೆ ಕಲ್ಲು ಕಾದ ಹೆಂಚಾಗುತ್ತದೆ. ಬೈಲಿನಲ್ಲಿ ಆಟಿಯ ಮಳೆಗೆ ನೀರು ನಿಲ್ಲುತ್ತದೆ, ನೀರು ನಿಂತರೆ ಈ ಬೇರು ವಾರದೊಳಗೆ ಕೊಳೆಯಲು ತೊಡಗುತ್ತದೆ. ನಡುವಿನ ಇಳಿಜಾರಿನಲ್ಲಿ ಒಂದರಿಂದ ಎರಡು ಅಡಿ ಮಣ್ಣು, ಅದರ ಅಡಿಯಲ್ಲಿ ಬಿರುಕುಬಿಟ್ಟ ಮುರಕಲ್ಲು. ವರ್ಷಕ್ಕೆ 3,500 ಮಿಲಿಮೀಟರಿಗೂ ಮೇಲೆ ಸುರಿಯುವ ಮಳೆ ಅಲ್ಲಿ ನಿಲ್ಲದೆ ಬಸಿದು ಹೋಗುತ್ತದೆ. ಬೇರು ಬಿರುಕಿನೊಳಗೆ ನುಗ್ಗಿ ಬೇಸಿಗೆಗೆ ಬೇಕಾದ ತಂಪು ಹಿಡಿದುಕೊಳ್ಳುತ್ತದೆ. ಮಣ್ಣು ತುಸು ಹುಳಿ, ಎಲೆಗೊಬ್ಬರ ಧಾರಾಳ, ಬಿಸಿಲು ಮರದ ಸಂದಿನಿಂದ ಚುಕ್ಕೆಚುಕ್ಕೆಯಾಗಿ ಬೀಳುವಷ್ಟು. ಗಿಡಕ್ಕೆ ಬೇಕಾದ್ದು ಇಷ್ಟೇ. ಆದರೆ ಈ ನಾಲ್ಕೂ ಒಟ್ಟಿಗೆ ಇರಬೇಕು.

ಈ ಪಟ್ಟಿಗೆ ಈಗ ಎಲ್ಲ ಕಡೆಯಿಂದ ಒತ್ತಡ. ಕೆಂಪುಕಲ್ಲಿನ ಕೋರೆ ಮೇಲಿಂದ ಕೆಳಗೆ ತಿನ್ನುತ್ತ ಬರುತ್ತದೆ, ಅಡಿಕೆ ತೋಟ ಕೆಳಗಿಂದ ಮೇಲೇರುತ್ತದೆ. ರಬ್ಬರಿಗೆ ಜೆಸಿಬಿಯಲ್ಲಿ ಮೆಟ್ಟಿಲು ಕಡಿದರೆ ಮೇಲ್ಮಣ್ಣು ಮಗುಚಿಹೋಗಿ, ಅದರೊಂದಿಗೆ ಬೇರೂ ಬೀಜವೂ ಹೋಗುತ್ತವೆ. ಅಕೇಶಿಯಾ ನೆಟ್ಟಲ್ಲಿ ಬೇಗ ಕರಗದ ಎಲೆ ದಪ್ಪಕ್ಕೆ ಕೂತು ಎಳೆ ಸಸಿ ತಲೆಯೆತ್ತುವುದು ಕಷ್ಟ. ಬೆಳಕು ಜಾಸ್ತಿಯಾದ ಕಡೆ ಕಮ್ಯುನಿಸ್ಟ್ ಗಿಡ ಎಂಬ ಕಳೆ ಒಂದೇ ಮಳೆಗಾಲದಲ್ಲಿ ಮುಚ್ಚಿಬಿಡುತ್ತದೆ.

ಸದ್ದಿಲ್ಲದ ಕಾರಣಗಳೂ ಇವೆ. ಒಂದು, ತರಗೆಲೆ ಗುಡಿಸುವುದು. ಹಟ್ಟಿಗೆ ಹಾಸಲು, ತೋಟದ ಬುಡಕ್ಕೆ ಹಾಕಲು ಗುಡ್ಡೆಯ ದರಗು ತರುವುದು ನಮ್ಮ ಕೃಷಿಯ ಜೀವಾಳ, ಅದನ್ನು ಬಿಡಿ ಎನ್ನುವ ಮಾತೇ ಇಲ್ಲ. ಆದರೆ ನೆಲ ಕಾಣುವಷ್ಟು ಕೆರೆದು ಗುಡಿಸಿದರೆ ಆ ವರ್ಷ ಬಿದ್ದ ಬೀಜವೆಲ್ಲ ದರಗಿನ ಕಟ್ಟಿನೊಳಗೆ ಸೇರಿ ಹಟ್ಟಿಗೆ ಬರುತ್ತದೆ. ಮೇಲಿನ ಪದರ ಮಾತ್ರ ತೆಗೆದು ಅಡಿಯ ಅರ್ಧ ಕೊಳೆತದ್ದನ್ನು ಬಿಟ್ಟರೆ ಇಬ್ಬರಿಗೂ ಸಾಲುತ್ತದೆ. ಎರಡನೆಯದು ಕಳೆ ಕೊಚ್ಚುವ ಯಂತ್ರ. ನೀರಿಲ್ಲದ ಇಳಿಜಾರಿನಲ್ಲಿ ಸರ್ಪಗಂಧ ಡಿಸೆಂಬರಿನಿಂದ ಎಲೆ ಉದುರಿಸಿಕೊಂಡು ಒಂದು ಒಣಕಡ್ಡಿಯಾಗಿ ನಿಲ್ಲುತ್ತದೆ, ಮತ್ತೆ ಚಿಗುರುವುದು ಏಪ್ರಿಲ್, ಮೇ ತಿಂಗಳ ಅಡ್ಡಮಳೆ ಬಿದ್ದ ಮೇಲೆ. ಕಡ್ಡಿಯನ್ನು ಯಂತ್ರ ಒಮ್ಮೆ ಕೊಚ್ಚಿದರೆ ಬುಡದಿಂದ ಮತ್ತೆ ಚಿಗುರುತ್ತದೆ. ಆದರೆ ಮಳೆಗಾಲದಲ್ಲಿ ಎರಡು ಸಲ, ಬೇಸಿಗೆಯಲ್ಲೊಮ್ಮೆ ಎಂದು ವರ್ಷವೂ ಕೊಚ್ಚುತ್ತ ಹೋದರೆ ಹೂ ಬಿಡುವ ಅವಕಾಶವೇ ಸಿಗುವುದಿಲ್ಲ. ಗಿಡ ಬದುಕಿದ್ದೂ ಸಂತಾನವಿಲ್ಲದೆ ಮುಗಿಯುತ್ತದೆ. ಕಳೆನಾಶಕ ಹೊಡೆದಲ್ಲಿ ಮರುಚಿಗುರಿನ ಆಸೆಯೂ ಇಲ್ಲ.

ಇಷ್ಟೆಲ್ಲದರ ನಡುವೆ ಬಯಲುಸೀಮೆಯಲ್ಲಿಲ್ಲದ ಒಂದು ಆಶ್ರಯ ತುಳುನಾಡಿನಲ್ಲಿದೆ, ನಾಗನಿಗೆ ಮೀಸಲಿಟ್ಟ ಮರಗಳ ತೋಪು, ನಾಗಬನ. ಹತ್ತು ಸೆಂಟ್ಸಾಗಲಿ, ಒಂದೆಕರೆಯಾಗಲಿ, ಕತ್ತಿ ತಾಗದ ಜಾಗ. ರೆಂಜೆ, ಸುರಗಿ, ಹಾಲೆ, ಕಾಸರ್ಕ, ಬೋಗಿ ಮರಗಳ ಅಡಿಯಲ್ಲಿ ಕೇಪಳದ ಪೊದೆ, ಅದರ ಬುಡದ ತರಗೆಲೆಯಲ್ಲಿ ಸರ್ಪಗಂಧ. ತಂಬಿಲಕ್ಕೋ (ನಾಗನಿಗೆ ಸಲ್ಲಿಸುವ ಸೇವೆ) ನಾಗರ ಪಂಚಮಿಗೋ ಬಿಟ್ಟರೆ ಒಳಗೆ ಕಾಲಿಡುವವರಿಲ್ಲ. ಕಾಡಿನಂಚಿನ ಗಿಡವೊಂದಕ್ಕೆ ಇದಕ್ಕಿಂತ ಒಳ್ಳೆಯ ಕಾವಲು ಇಲಾಖೆಯವರೂ ಕೊಡಲಾರರು. ಚಾರ್ಮಾಡಿ, ಸುಬ್ರಹ್ಮಣ್ಯದ ಕಾಡುಗಳಲ್ಲಿ ಔಷಧ ಸಸ್ಯಗಳಿಗೆಂದೇ ಗುರುತಿಸಿದ ಸಂರಕ್ಷಣಾ ಪ್ರದೇಶಗಳಿವೆ, ಅವು ಬೇಕೇಬೇಕು. ಆದರೆ ಘಟ್ಟದ ಬುಡದಿಂದ ಕಡಲಿನವರೆಗಿನ ಊರುಗಳಲ್ಲಿ ಈ ಗಿಡದ ಬೀಜ ಉಳಿದಿರುವುದು ಬನಗಳ ದಯೆಯಿಂದ ಎಂದೇ ನನ್ನ ಖಚಿತ ಅಭಿಪ್ರಾಯ.

ಆ ಬನಕ್ಕೂ ಈಗ ಕಾಂಕ್ರೀಟು ಬರುತ್ತಿದೆ. ಜೀರ್ಣೋದ್ಧಾರ ಎಂದರೆ ಮರ ಕಡಿದು, ಕಟ್ಟೆ ಕಟ್ಟಿ, ಸುತ್ತ ಇಂಟರ್‌ಲಾಕ್ ಹಾಸುವುದು ಎಂದಾಗಿಬಿಟ್ಟಿದೆ. ನಾಗನಿಗೆ ಬೇಕಾದ್ದು ತಂಪು ಎಂದು ಹಿರಿಯರು ಹೇಳುತ್ತ ಬಂದವರು, ಬಿಸಿಲಿಗೆ ಸುಡುವ ಗ್ರಾನೈಟ್ ನೆಲ ತಂಪು ಹೇಗಾದೀತು? ಕಟ್ಟೆ ಕಟ್ಟಲೇಬೇಕಿದ್ದರೆ ಕಲ್ಲಿನ ಎದುರು ಪೂಜೆಗೆ ಬೇಕಾದಷ್ಟು ಜಾಗಕ್ಕೆ ಮಾತ್ರ ಕೆಲಸ ಮಾಡಿಸಿ, ಉಳಿದ ಮೂರು ಬದಿ ಮಣ್ಣನ್ನು ಮಣ್ಣಾಗಿಯೇ ಬಿಡುವಂತೆ ಕುಟುಂಬದವರು ಒಂದು ಮಾತು ಮೊದಲೇ ಹೇಳಬೇಕು. ಗುಡಿಸುವುದು ದಾರಿ ಮತ್ತು ಕಟ್ಟೆಯ ಎದುರು ಮಾತ್ರ, ಹಿಂದಿನ ತರಗೆಲೆಗೆ ಹಿಡಿಸೂಡಿ ಬೇಡ. ಸಿಮೆಂಟು ಕಲಸುವ ಜಾಗವನ್ನು ಬನದಿಂದ ಹೊರಗೆ ಮಾಡಿಸಿ. ಸಿಮೆಂಟಿನ ನೀರು ಇಳಿದ ಮಣ್ಣಿನ ಹುಳಿಗುಣ ಕೆಡುತ್ತದೆ.

ಇನ್ನು ಸಸಿ ಮಾಡುವ ವಿಚಾರ. ಬನದಿಂದಾಗಲಿ ಗುಡ್ಡೆಯಿಂದಾಗಲಿ ಗಿಡ ಕಿತ್ತು ತಂದು ಮನೆಯಂಗಳದಲ್ಲಿ ನೆಡುವುದು ಸಂರಕ್ಷಣೆಯಲ್ಲ. ತಾಯಿಬೇರು ತುಂಡಾಗಿ ಹತ್ತರಲ್ಲಿ ಹೆಚ್ಚಿನವು ಸಾಯುತ್ತವೆ, ಉಳಿದವೂ ವರ್ಷಗಟ್ಟಲೆ ಸೊರಗುತ್ತವೆ. ತರಬೇಕಾದ್ದು ಹಣ್ಣು, ಅದೂ ಎಲ್ಲವನ್ನೂ ಅಲ್ಲ. ಒಂದು ಗಿಡದಲ್ಲಿ ಕಂಡದ್ದರ ಮೂರರಲ್ಲೊಂದು ಪಾಲು ತೆಗೆದರೆ ಸಾಕು, ಮಿಕ್ಕದ್ದು ಹಕ್ಕಿಗೂ ಆ ನೆಲಕ್ಕೂ ಇರಲಿ.

ಹೂ ಮುಂಗಾರಿನ ಮೊದಲೇ ಶುರುವಾಗಿ ನವೆಂಬರಿನವರೆಗೂ ಬಿಡುತ್ತಲೇ ಇರುತ್ತದೆ. ಜುಲೈಯಿಂದ ಹಣ್ಣು. ಒಂದೇ ಗೊಂಚಲಿನಲ್ಲಿ ಹೂ, ಕಾಯಿ, ಹಣ್ಣು ಮೂರೂ ಇರುತ್ತವೆ, ಹಾಗಾಗಿ ಒಮ್ಮೆ ಹೋಗಿ ಗೊಂಚಲು ಮುರಿದು ತಂದರೆ ಮುಕ್ಕಾಲು ಪಾಲು ಎಳಸು. ವಾರಕ್ಕೊಮ್ಮೆ ನೋಡಿ, ಪೂರ್ತಿ ಕಪ್ಪುನೇರಳೆ ಬಣ್ಣಕ್ಕೆ ತಿರುಗಿ ಬೆರಳು ತಾಗಿದೊಡನೆ ಕಳಚುವವನ್ನು ಮಾತ್ರ ಆರಿಸಬೇಕು. ಕೆಂಪು ಹಂತದ್ದು ಮೊಳೆಯುವುದಿಲ್ಲ ಎಂದೇ ಇಟ್ಟುಕೊಳ್ಳಿ.

ತಂದ ದಿನವೇ ಹಣ್ಣನ್ನು ನೀರಿನಲ್ಲಿ ಹಿಸುಕಿ, ಒರಟು ಮರಳಿನೊಂದಿಗೆ ಅಂಗೈಯಲ್ಲಿ ತಿಕ್ಕಿ ತಿರುಳು ಪೂರ್ತಿ ಬಿಡಿಸಬೇಕು. ತಿರುಳು ಅಂಟಿಕೊಂಡಿದ್ದರೆ ಎರಡು ದಿನದಲ್ಲಿ ಬೂಸಲು ಹಿಡಿಯುತ್ತದೆ. ಒಳಗೆ ಸುಕ್ಕುಸುಕ್ಕಾದ, ಕಲ್ಲಿನಂಥ ಓಟೆ ಸಿಗುತ್ತದೆ. ಬೀಜ ಅದರೊಳಗೆ. ಓಟೆ ಗಟ್ಟಿ ಇರುವುದರಿಂದ ನೀರು ಒಳಗೆ ಹೋಗಲು ತಡವಾಗುತ್ತದೆ, ಇದು ಒಂದು ತೊಂದರೆ. ಇದಕ್ಕಿಂತ ದೊಡ್ಡದು ಇನ್ನೊಂದು: ನೋಡಲು ಚೆನ್ನಾಗಿರುವ ಓಟೆಗಳಲ್ಲಿ ಬಹಳಷ್ಟು ಒಳಗೆ ಪೊಳ್ಳು. "ಸರ್ಪಗಂಧದ ಬೀಜ ಹುಟ್ಟುವುದೇ ಇಲ್ಲ" ಎನ್ನುವವರು ಸಾಮಾನ್ಯವಾಗಿ ಪೊಳ್ಳನ್ನೇ ಬಿತ್ತಿರುತ್ತಾರೆ.

ಪೊಳ್ಳು ಬೇರೆ ಮಾಡಲು ಒಂದು ಲೀಟರ್ ನೀರಿಗೆ 100 ಗ್ರಾಂ ಉಪ್ಪು ಕರಗಿಸಿ, ಓಟೆಗಳನ್ನು ಹಾಕಿ ಕೈಯಿಂದ ಚೆನ್ನಾಗಿ ಕದಡಿ, ಐದು ನಿಮಿಷ ಬಿಡಿ. ಕದಡದಿದ್ದರೆ ಮೇಲ್ಮೈಗೆ ಅಂಟಿದ ಗಾಳಿಗುಳ್ಳೆಗಳಿಂದ ಗಟ್ಟಿ ಬೀಜವೂ ತೇಲುತ್ತದೆ. ತೇಲಿದ್ದನ್ನು ಬಿಸಾಡಿ, ಮುಳುಗಿದ್ದನ್ನು ಸಿಹಿನೀರಿನಲ್ಲಿ ಮೂರು ಸಲ ತೊಳೆಯಿರಿ. ಉಪ್ಪು ಉಳಿದರೆ ಮೊಳಕೆ ಸುಡುತ್ತದೆ. ಆಮೇಲೆ 24 ಗಂಟೆ ನೀರಿನಲ್ಲಿ ನೆನೆಯಲಿ, ನಡುವೆ ಒಮ್ಮೆ ನೀರು ಬದಲಿಸಿ.

ಬೀಜ ಹಳತಾದಷ್ಟೂ ಮೊಳೆಯುವ ಶಕ್ತಿ ಇಳಿಯುತ್ತದೆ. ಹಳೆಯ ಬೀಜ ಕೊಡುತ್ತೇವೆಂದು ಯಾರಾದರೂ ಹೇಳಿದರೆ ಎಷ್ಟು ತಿಂಗಳಾಯಿತೆಂದು ಕೇಳಿಯೇ ತೆಗೆದುಕೊಳ್ಳಿ. ಅಕ್ಟೋಬರ್, ನವೆಂಬರಿನಲ್ಲಿ ಆರಿಸಿದ್ದನ್ನು ನೆರಳಿನಲ್ಲಿ ಒಣಗಿಸಿ, ಬೂದಿ ಬೆರೆಸಿ, ಬಟ್ಟೆಯ ಚೀಲದಲ್ಲಿ ಕಟ್ಟಿಟ್ಟರೆ ಏಪ್ರಿಲ್ ಕೊನೆಯ ಬಿತ್ತನೆಗೆ ಬರುತ್ತದೆ. ಬಿಸಿಲಿನಲ್ಲಿ ಒಣಗಿಸಬಾರದು. ಜುಲೈ, ಆಗಸ್ಟಿನದ್ದನ್ನು ಇಡದೆ ಮಾಡಿನಡಿಯ ಟ್ರೇಯಲ್ಲಿ ಆಗಲೇ ಬಿತ್ತುವುದು ವಾಸಿ.

ಮಣ್ಣಿನ ಮಿಶ್ರಣಕ್ಕೆ ಒಂದು ಪಾಲು ಗುಡ್ಡೆಯ ಕೆಂಪುಮಣ್ಣು, ಒಂದು ಪಾಲು ಹೊಳೆ ಮರಳು, ಒಂದು ಪಾಲು ಪೂರ್ತಿ ಕಳಿತ ಹಟ್ಟಿಗೊಬ್ಬರ. ಬೆಂಡೆ, ಬದನೆ ಬೆಳೆದ ಸಾಲಿನ ಮಣ್ಣು ಬೇಡ. ಆ ತರಕಾರಿಗಳ ಬೇರಿಗೆ ಗಂಟು ಹಿಡಿಸುವ ಜಂತುಹುಳ ಸರ್ಪಗಂಧಕ್ಕೂ ಬರುತ್ತದೆ. ಎಲೆ ಹಳದಿಯಾಗಿ, ನೀರು ಗೊಬ್ಬರ ಎಷ್ಟು ಕೊಟ್ಟರೂ ಸಸಿ ಗಿಡ್ಡವಾಗಿಯೇ ಉಳಿದರೆ ಒಂದನ್ನು ಕಿತ್ತು ಬೇರು ನೋಡಿ. ರಾಗಿ ಕಾಳಿನಂಥ ಗಂಟು ಕಂಡರೆ ಆ ಟ್ರೇ ಇಡೀ ವಿಲೇವಾರಿ ಮಾಡುವುದೇ ದಾರಿ, ಬನಕ್ಕಂತೂ ಒಯ್ಯಲೇಬಾರದು. ಕೆಂಪುಮಣ್ಣಿನ ಬದಲು ಸುಡುಮಣ್ಣು ಹಾಕಿದರೆ ಈ ಭಯ ಬಹುಪಾಲು ತಪ್ಪುತ್ತದೆ.

ಬೀಜ ಒಂದರಿಂದ ಒಂದೂವರೆ ಸೆಂ.ಮೀ. ಆಳಕ್ಕೆ, ಎರಡು ಬೆರಳು ಅಂತರದಲ್ಲಿ. ಮೇಲೆ ತೆಳ್ಳಗೆ ಮರಳು. ಮಡಲಿನ ತಟ್ಟಿ ಅಥವಾ ಅರ್ಧ ಬಿಸಿಲು ತಡೆಯುವ ನೆರಳುಬಲೆ. ನೀರು ಪೂವಾಳಿಯಿಂದ (ಸಣ್ಣ ತೂತುಗಳ ಮೂತಿಯ ನೀರಿನ ಪಾತ್ರೆ), ಮಣ್ಣು ಒದ್ದೆಯಾಗಿರಬೇಕೇ ಹೊರತು ಕೆಸರಾಗಬಾರದು. ಮೊದಲ ಮೊಳಕೆ ಕಾಣಲು ಮೂರು ವಾರ ಬೇಕು. ಆಮೇಲೆ ಒಂದೊಂದಾಗಿ ಎರಡು ತಿಂಗಳವರೆಗೂ ಏಳುತ್ತಲೇ ಇರುತ್ತವೆ, ತಿಂಗಳಾಯಿತೆಂದು ಟ್ರೇ ಮಗುಚಬೇಡಿ. ಮುಳುಗಿದ 100 ತಾಜಾ ಬೀಜಕ್ಕೆ 30, 40 ಸಸಿ ಬಂದರೆ ಒಳ್ಳೆಯ ಫಲ.

ಮೊಳಕೆ ಏಳುವಾಗ ಕೂತು ನೋಡಬೇಕು. ಕಾಂಡ ಮೊದಲು ಬಿಲ್ಲಿನ ಹಾಗೆ ಬಾಗಿ ಮರಳನ್ನು ಎತ್ತುತ್ತದೆ, ಒಂದೆರಡು ದಿನ ಹಾಗೆಯೇ ಬಾಗಿ ನಿಂತು ಆಮೇಲೆ ನೆಟ್ಟಗಾಗಿ ಎರಡು ಎಳೆ ಎಲೆ ಬಿಡಿಸುತ್ತದೆ. ಕೆಲವೊಮ್ಮೆ ಓಟೆಯ ಚಿಪ್ಪು ಎಲೆಗೆ ಟೊಪ್ಪಿಯಂತೆ ಸಿಕ್ಕಿಕೊಂಡಿರುತ್ತದೆ. ಅದನ್ನು ಉಗುರಿನಿಂದ ಕೀಳಲು ಹೋದರೆ ಕುತ್ತಿಗೆ ಮುರಿಯುತ್ತದೆ. ಬೆಳಗ್ಗೆ ಒಂದು ಹನಿ ನೀರು ಬಿಟ್ಟು ಮೆದುವಾಗಿಸಿದರೆ ಸಂಜೆಗೆ ತಾನಾಗಿ ಬೀಳುತ್ತದೆ. ಈ ಹಂತದಲ್ಲಿ ಬುಡಕೊಳೆ ರೋಗ ಮತ್ತು ಮಳೆಗಾಲದ ಬಸವನಹುಳು, ಎರಡೇ ಶತ್ರು. ಮೊದಲನೆಯದಕ್ಕೆ ನೀರು ಕಡಿಮೆ ಮಾಡಿ, ಗಾಳಿಯಾಡಲು ಬಿಡಿ, ಮಿಶ್ರಣಕ್ಕೆ ಮೊದಲೇ ಕೊಳೆರೋಗ ತಡೆಯುವ ಟ್ರೈಕೊಡರ್ಮಾ ಶಿಲೀಂಧ್ರ ಸೇರಿಸಿ. ಎರಡನೆಯದಕ್ಕೆ ಟ್ರೇಯನ್ನು ಕಲ್ಲಿನ ಮೇಲೆ ಎತ್ತರಿಸಿ ಸುತ್ತ ಸುಣ್ಣ ಎರಚಿ, ರಾತ್ರಿ ಟಾರ್ಚು ಹಿಡಿದು ಆರಿಸಿ. ಒಂದು ಬಸವನಹುಳು ಒಂದು ರಾತ್ರಿಯಲ್ಲಿ ಇಡೀ ಸಾಲು ಮುಗಿಸಬಲ್ಲದು.

ನಾಲ್ಕರಿಂದ ಆರು ಎಲೆ ಬಂದಾಗ, ಅಂದರೆ ಸುಮಾರು 40-50 ದಿನಕ್ಕೆ, ಚೀಲಕ್ಕೆ ಬದಲಿಸಿ. ಚೀಲ ಅಗಲ ಕಡಿಮೆ ಇದ್ದರೂ ಅಡ್ಡಿಯಿಲ್ಲ, ಆಳ ಹತ್ತಿಂಚು ಇರಲೇಬೇಕು. ಗಿಡ್ಡ ಚೀಲದಲ್ಲಿ ತಾಯಿಬೇರು ಸುರುಳಿ ಸುತ್ತಿಕೊಳ್ಳುತ್ತದೆ. ಅಂಥ ಸಸಿಯನ್ನು ನೆಲಕ್ಕೆ ಹಾಕಿದರೆ ಮೊದಲ ಮಳೆಗಾಲ ಚೆನ್ನಾಗಿ ಕಂಡು, ಮೊದಲ ಬೇಸಿಗೆಗೆ ಒಣಗುತ್ತದೆ. ಬೇರು ಆಳಕ್ಕೆ ಇಳಿದಿಲ್ಲದ ಮೇಲೆ ಮುರಕಲ್ಲಿನ ಬಿರುಕಿನ ತಂಪು ಅದಕ್ಕೆ ಸಿಗುವುದಾದರೂ ಹೇಗೆ?

ಕಡ್ಡಿಯಿಂದ, ಬೇರಿನ ತುಂಡಿನಿಂದಲೂ ಗಿಡ ಮಾಡಬಹುದು. ಜೂನಿನಲ್ಲಿ ಬಲಿತ ಕಡ್ಡಿಯನ್ನು 15ರಿಂದ 20 ಸೆಂ.ಮೀ. ಉದ್ದಕ್ಕೆ ಮೂರು ಗೆಣ್ಣು ಬರುವಂತೆ ಕತ್ತರಿಸಿ ನೆರಳಿನ ಮರಳಿಗೆ ಚುಚ್ಚಿದರೆ ಅರ್ಧದಷ್ಟು ಬೇರು ಬಿಡುತ್ತವೆ. ಆದರೆ ಹೀಗೆ ಎದ್ದ ಗಿಡಕ್ಕೆ ನೆಟ್ಟಗೆ ಇಳಿಯುವ ತಾಯಿಬೇರು ಇರುವುದಿಲ್ಲ, ನಾರುಬೇರೇ ಹೆಚ್ಚು. ಬನದ ಇಳಿಜಾರಿಗೆ ಇದು ಹೊಂದುವುದಿಲ್ಲ. ಎಲ್ಲವೂ ಒಂದೇ ತಾಯಿಯ ನಕಲು ಎನ್ನುವುದು ಇನ್ನೊಂದು ಕೊರತೆ. ಕಡ್ಡಿ, ಬೇರುತುಂಡಿನ ದಾರಿ ಉಪಯೋಗಕ್ಕೆ ಬರುವುದು ಒಂದೇ ಸಂದರ್ಭದಲ್ಲಿ: ಕೋರೆಗೋ ರಸ್ತೆ ಅಗಲೀಕರಣಕ್ಕೋ ಹೋಗುವುದು ಖಚಿತವಾದ ಜಾಗದಲ್ಲಿ ಗಿಡವಿದ್ದಾಗ. ಆಗ ಮಣ್ಣು ಒದ್ದೆಯಿರುವ ಜೂನ್, ಜುಲೈಯಲ್ಲಿ ಕಾಂಡವನ್ನು ಒಂದು ಗೇಣು ಉಳಿಸಿ ಕತ್ತರಿಸಿ, ಸುತ್ತ ಒಂದು ಅಡಿ ಅಗೆದು, ಮಣ್ಣಿನ ಗಟ್ಟಿಯೊಂದಿಗೆ ಗೋಣಿಯಲ್ಲಿ ಸುತ್ತಿ ಎತ್ತಿ. ಪಿಕ್ಕಾಸಿನಿಂದ ಬುಡಕ್ಕೇ ಹೊಡೆಯಬೇಡಿ, ಹೊರಗಿನಿಂದ ಒಳಗೆ ಬನ್ನಿ. ಕತ್ತರಿಸಿದ ಕಾಂಡವನ್ನು ಕಡ್ಡಿಯಾಗಿ ನೆಡಿ. ಅಗೆಯುವಾಗ ಮುರಿದ ಬೇರನ್ನು ಎರಡಿಂಚಿನ ತುಂಡು ಮಾಡಿ ಮರಳಿನಲ್ಲಿ ಅಡ್ಡ ಹೂತಿಡಿ. ಬುಡದ ಕೊರಳಿನೊಂದಿಗೆ ಎರಡಿಂಚು ಬೇರು ಉಳಿದ ತುಂಡು ಎಲ್ಲಕ್ಕಿಂತ ಚೆನ್ನಾಗಿ ಚಿಗುರುತ್ತದೆ. ಜಾಗ ಕಾಯ್ದಿಟ್ಟ ಅರಣ್ಯದ್ದಾದರೆ ಇಲಾಖೆಯ ಒಪ್ಪಿಗೆ ಇಲ್ಲದೆ ಮುಟ್ಟುವುದು ಅಪರಾಧ.

ನೆಲಕ್ಕೆ ಹಾಕಲು ಆಗಸ್ಟ್ ಒಳ್ಳೆಯದು, ಆಟಿಯ ರಭಸ ಇಳಿದು ಅದರ ಮುಂದಿನ ತಿಂಗಳಾದ ಸೋಣದ ಬಿಸಿಲುಮಳೆ ಶುರುವಾಗುವ ಹೊತ್ತು. ಜೂನಿನಲ್ಲಿ ನೆಟ್ಟ ಎಳೆ ಸಸಿಯ ಬುಡದ ಮಣ್ಣು ಮಳೆಗೆ ತೊಳೆದುಹೋಗುತ್ತದೆ. ಒಂದು ಅಡಿ ಆಳ, ಒಂದು ಅಡಿ ಅಗಲದ ಗುಂಡಿ, ಅಗೆದ ಮಣ್ಣಿಗೇ ಎರಡು ಬೊಗಸೆ ಹಟ್ಟಿಗೊಬ್ಬರ ಸೇರಿಸಿ ತುಂಬಿಸಿ, ಬುಡ ನೆಲಕ್ಕಿಂತ ಎರಡಿಂಚು ಎತ್ತರಕ್ಕೆ ಬರಲಿ. ಗಿಡದಿಂದ ಗಿಡಕ್ಕೆ ಒಂದೂವರೆ ಅಡಿ. ಬನದ ನಡುವಿನ ಕತ್ತಲಲ್ಲಿ ನೆಡಬೇಡಿ, ಹೂ ಬಿಡುವುದಿಲ್ಲ. ಬೆಳಗಿನ ಬಿಸಿಲು ಬೀಳುವ ಮೂಡುಬದಿಯ ಅಂಚು ಸರಿಯಾದ ಜಾಗ. ಮೊದಲ ಬೇಸಿಗೆ ಮಾತ್ರ ಫೆಬ್ರವರಿಯಿಂದ ವಾರಕ್ಕೊಮ್ಮೆ ಒಂದು ಚೆಂಬು ನೀರು ಸಾಕು. ದಿನಾ ಎರೆದರೆ ಬೇರು ಮೇಲೆಯೇ ಉಳಿಯುತ್ತದೆ. ರಾಸಾಯನಿಕ ಗೊಬ್ಬರದ ಅಗತ್ಯವೇ ಇಲ್ಲ.

ಎಲೆ ಮಡಚಿಕೊಂಡು ಒಳಗೆ ಹಿಕ್ಕೆ ಕಂಡರೆ ಎಲೆಸುತ್ತುವ ಹುಳ. ಆ ಎಲೆ ಚಿವುಟಿ ಹೊಸಕಿದರೆ ಮುಗಿಯಿತು. ಇನ್ನೊಂದು ಅತಿಥಿ ಇದೆ. ಹಸಿರು ಬಣ್ಣದ, ಬೆರಳು ಗಾತ್ರದ ಹುಳ, ತಲೆಯ ಹಿಂದೆ ಎರಡು ನೀಲಿಬಿಳಿ ಕಣ್ಣಿನಂಥ ಚುಕ್ಕೆ, ಹೆದರಿಸಿದರೆ ತಲೆ ಒಳಗೆಳೆದು ಆ ಕಣ್ಣು ಉಬ್ಬಿಸುತ್ತದೆ. ಕಣಗಿಲೆ ಪತಂಗದ ಮರಿ ಅದು. ಒಂದೇ ಹುಳ ಎರಡು ದಿನದಲ್ಲಿ ಎಳೆ ಗಿಡವನ್ನು ಬೋಳಿಸಬಲ್ಲದು. ಕೊಲ್ಲಬೇಕಾಗಿಲ್ಲ. ನಂದಿಬಟ್ಟಲಿನ ಎಲೆಯೂ ಅದಕ್ಕೆ ಆಗುತ್ತದೆ, ಎತ್ತಿ ಅಲ್ಲಿಗೆ ಬಿಡಿ.

ತೋಟದಲ್ಲಿ ಬೆಳೆಯಾಗಿ ಬೆಳೆಯುವವರಿಗೆ ಒಂದೆರಡು ಮಾತು. ಅಡಿಕೆ ಮರದ ಸಾಲಿನ ನಡುವೆ, ನೀರು ನಿಲ್ಲದ ಏರು ಜಾಗದಲ್ಲಿ ಬರುತ್ತದೆ. ಸ್ಪ್ರಿಂಕ್ಲರ್ ನೀರು ಬೀಳುವಲ್ಲಿ ಬೇಡ. ಕನಿಷ್ಠ 18 ತಿಂಗಳು, ಆದರೆ ಎರಡೂವರೆ ಮೂರು ವರ್ಷ ಬಿಟ್ಟು, ಎಲೆ ಉದುರುವ ಡಿಸೆಂಬರ್, ಜನವರಿಯಲ್ಲಿ ಅಗೆದರೆ ಬೇರಿನಲ್ಲಿ ಸಾರ ಹೆಚ್ಚು. ಹಿಂದಿನ ದಿನ ನೀರು ಬಿಟ್ಟು ಮಣ್ಣು ಸಡಿಲಿಸಿ, ತೊಗಟೆ ಸುಲಿಯದಂತೆ ತೆಗೆಯಬೇಕು. ಒಣಗಿದಾಗ ತೂಕ ಅರ್ಧಕ್ಕಿಂತಲೂ ಕೆಳಗಿಳಿಯುತ್ತದೆ, ಹಸಿ ಬೇರಿನ ಲೆಕ್ಕದಲ್ಲಿ ಆದಾಯ ಎಣಿಸಿ ಮೋಸಹೋಗಬೇಡಿ. ಸಸಿ ತಂದ ಬಿಲ್ಲು, ಪಹಣಿಯಲ್ಲಿ ಬೆಳೆಯ ನಮೂದು ಇಟ್ಟುಕೊಳ್ಳಿ, ಕಾಡಿನದ್ದಲ್ಲ ಎಂದು ತೋರಿಸಲು ಬೇಕಾಗುತ್ತದೆ.

ಮನೆಯಲ್ಲಿ ಗಿಡ ಇರುವವರು ಬೇರು ತೇದು ಕುಡಿಯುವ ಸಾಹಸಕ್ಕೆ ದಯವಿಟ್ಟು ಹೋಗಬೇಡಿ. ರಕ್ತದೊತ್ತಡ ತೀರಾ ಇಳಿಯುವುದು, ನಾಡಿ ನಿಧಾನವಾಗುವುದು, ಮೂಗು ಕಟ್ಟುವುದು, ಮನಸ್ಸು ಕುಗ್ಗಿ ಖಿನ್ನತೆಗೆ ಜಾರುವುದು ಎಲ್ಲ ಇದರ ಸಾರದ ತಿಳಿದ ಪರಿಣಾಮಗಳು. ಬಿ.ಪಿ. ಮಾತ್ರೆಯೊಂದಿಗೆ ಸೇರಿದರೆ ಇನ್ನೂ ಅಪಾಯ, ಬಸುರಿಯರಿಗಂತೂ ಸಲ್ಲದು. ಹಾವು ಕಚ್ಚಿದರೆ ಬೇರು ಹುಡುಕುತ್ತ ಹೊತ್ತು ಕಳೆಯದೆ ಆಸ್ಪತ್ರೆಗೆ ಹೋಗಬೇಕು, ವಿಷಕ್ಕೆ ಮದ್ದು ಪ್ರತಿವಿಷದ ಇಂಜೆಕ್ಷನ್ ಒಂದೇ. ಅಂಗಳದಲ್ಲಿ ನೆಟ್ಟರೆ ಹಾವು ಬರುವುದಿಲ್ಲ ಎನ್ನುವುದೂ ಸುಳ್ಳು. ಈ ಗಿಡ ನೂರಾರು ವರ್ಷ ಉಳಿದುಕೊಂಡದ್ದೇ ನಾಗಬನದಲ್ಲಿ.

ಗಿಡ ನೋಡಿ ಗುರುತು ಹಿಡಿಯಲು ಕಲಿಯಬೇಕೆಂದಿರುವವರು ಮಳೆಗಾಲದಲ್ಲಿ ಒಮ್ಮೆ ಪಿಲಿಕುಳ ನಿಸರ್ಗಧಾಮದ ಔಷಧಿವನಕ್ಕೆ ಹೋಗಿಬನ್ನಿ. ಆಮೇಲೆ ನಿಮ್ಮ ಕುಮ್ಕಿ, ಬನದ ಅಂಚು ಸುತ್ತಿ. ಜುಲೈ, ಆಗಸ್ಟಿನಲ್ಲಿ ಕೆಂಪು ತೊಟ್ಟಿನಿಂದ ಸುಲಭವಾಗಿ ಕಣ್ಣಿಗೆ ಬೀಳುತ್ತದೆ. ಸಿಕ್ಕಿದ್ದನ್ನು ಫೇಸ್‌ಬುಕ್ಕಿನಲ್ಲಿ ಜಾಗದ ಹೆಸರು ಸಮೇತ ಹಾಕಬೇಡಿ, ಬೇರು ಕೀಳುವವರಿಗೆ ದಾರಿ ತೋರಿಸಿದಂತಾಗುತ್ತದೆ. ಬದಲಿಗೆ ನಿಮ್ಮ ಪಂಚಾಯತಿನ ಜೀವವೈವಿಧ್ಯ ನಿರ್ವಹಣಾ ಸಮಿತಿಯವರಿಗೆ ಹೇಳಿ ಜನತಾ ಜೀವವೈವಿಧ್ಯ ದಾಖಲೆಯಲ್ಲಿ ಬರೆಸಿ. 2002ರ ಜೀವವೈವಿಧ್ಯ ಕಾಯ್ದೆಯಂತೆ ಆ ಸಮಿತಿ ಪ್ರತಿ ಪಂಚಾಯತಿನಲ್ಲೂ ಇರಬೇಕು. ಇನ್ನು ನವೆಂಬರ್ ಮುಗಿಯುವ ಮೊದಲು, ಎಲೆ ಉದುರುವುದಕ್ಕಿಂತ ಮುಂಚೆ, ಪ್ರತಿ ಗಿಡದ ಸುತ್ತ ಮೂರು ಮುರಕಲ್ಲಿನ ತುಂಡು ಇಟ್ಟು ನಿಮಗೆ ಮಾತ್ರ ತಿಳಿಯುವಂತೆ ಗುರುತು ಮಾಡಿಕೊಳ್ಳಿ, ಡಿಸೆಂಬರಿನಲ್ಲಿ ಕಳೆ ಕೊಚ್ಚಲು ಬರುವವರನ್ನು ಮೊದಲು ಆ ಕಲ್ಲುಗಳ ಹತ್ತಿರ ಕರೆದುಕೊಂಡು ಹೋಗಿ ತೋರಿಸಿ.